ಕೊನೆಯ ಗದ್ದೆಯ ನೀರು

ಜರ್ಮನಿಯ ವಾಲ್‌ಡಾರ್ಫಿನ ಆಫೀಸಿನಿಂದ ಹೈಡೆಲ್‌ಬರ್ಗಿನ ಮನೆಗೆ ಬರುವ ದಾರಿಯಲ್ಲಿ ಒಂದು ಆಲೂಗಡ್ಡೆ ಹೊಲ ಸಿಗುತ್ತದೆ. ಬೇಸಿಗೆಯಲ್ಲಿ ಅಲ್ಲಿ ಉದ್ದುದ್ದ ಪೈಪುಗಳು ನೀರು ಚಿಮ್ಮಿಸುತ್ತಿರುತ್ತವೆ. ಕಾರಿನ ಗಾಜು ಇಳಿಸಿದರೆ ಸಾಕು, ಕಾದ ಮಣ್ಣಿಗೆ ನೀರು ಬಿದ್ದ ವಾಸನೆ ಮೂಗಿಗೆ ಬಡಿಯುತ್ತದೆ. ಐವತ್ತರ ಹತ್ತಿರ ಬಂದಿರುವ ನಾನು ಆ ಗಳಿಗೆ ಮತ್ತೆ ಹುಡುಗಿಯಾಗಿ ಮಂಡ್ಯ ಸೀಮೆಯ ಗದ್ದೆಬದುವಿನ ಮೇಲೆ ಲಂಗ ಎತ್ತಿ ಕಟ್ಟಿ ನಿಂತಿರುತ್ತೇನೆ. ಜನ ಇಂಥ ವಾಸನೆಗೆ ಹಿಗ್ಗುತ್ತಾರೆ, ನಾನು ಗಾಜು ಏರಿಸಿಬಿಡುತ್ತೇನೆ. ಮೊನ್ನೆ ಪಕ್ಕದಲ್ಲಿ ಕೂತಿದ್ದ ಮಗಳಿಗೆ ಸ್ಕೂಲಿನಲ್ಲಿ ಅಜ್ಜನ ಬಗ್ಗೆ ಬರೆಯುವ ಕೆಲಸ ಕೊಟ್ಟಿದ್ದರು. "ಅಮ್ಮಾ, ಓಪಾ ಫಾರ್ಮರಾ, ಪೊಲಿಟಿಕರಾ? ಯಾವ್ದು ಬರೀಲಿ?" ಅಂತ ಕೇಳಿದಳು. ರೈತ ಅಂತ ಬರಿ ಅಂದೆ. ಚುನಾವಣೆ ಗೆದ್ದಾಗ ಹಾರ ಹಾಕಿಕೊಂಡ ಫೋಟೊ ಇದೆಯಲ್ಲ ಅಂದದ್ದಕ್ಕೆ, ರೈತ ಅಂತಲೇ ಬರಿ ಅಂದೆ.

ಅಪ್ಪ ನಿಜಕ್ಕೂ ರೈತನೇ ಆಗಿದ್ದ. ಮೂರು ಎಕರೆ ಗದ್ದೆ, ಹೆಂಚಿನ ಮನೆ, ಹಿಂದುಗಡೆ ಕೊಟ್ಟಿಗೆ. ಒಳಗೆ ಕಾಲಿಟ್ಟರೆ ಹುಲ್ಲು, ಗಂಜಲ, ಅವ್ವ ಕಾಯಿಸಿಟ್ಟ ಹಾಲು ಎಲ್ಲ ಬೆರೆತ ಬೆಚ್ಚನೆಯ ವಾಸನೆ. ಊರ ಕೆರೆಯಿಂದ ಗದ್ದೆಗಳಿಗೆ ನೀರು ಬಿಡುವ ತೂಬನ್ನು ಜನ ಅವನ ಕೈಗೆ ಒಪ್ಪಿಸಿದ್ದರು. ಯಾರ ಗದ್ದೆಗೆ ಯಾವಾಗ ನೀರು ಅನ್ನುವುದರಲ್ಲಿ ಅವನ ಮಾತೇ ಕೊನೆ. ಕಟ್ಟಕಡೆಯ ಗದ್ದೆ ನೆನೆದ ಮೇಲೆಯೇ ತೂಬಿನ ಪಕ್ಕದ ಪಟೇಲರ ಗದ್ದೆಗೆ ನೀರು ಬಿಡುತ್ತಿದ್ದ. ಕೆರೆಯ ಪಕ್ಕದಲ್ಲಿರುವವನ ಹೊಟ್ಟೆ ಹೇಗೂ ತುಂಬುತ್ತದೆ ಅಂತ ಪಟೇಲರನ್ನೂ ಕಾಯಿಸುತ್ತಿದ್ದ. ಆ ಕಟ್ಟಕಡೆಯ ಗದ್ದೆ ನಿಂಗಮ್ಮತ್ತೆಯದು. ಗಂಡ ಸತ್ತವಳು, ಮಕ್ಕಳಿಲ್ಲ, ಇದ್ದದ್ದು ಒಂದೇ ಎಕರೆ. ರಕ್ತಸಂಬಂಧವಿಲ್ಲದಿದ್ದರೂ ಅಪ್ಪನಿಗೆ ಅಕ್ಕ, ನನಗೆ ಅತ್ತೆ. ಜಗಲಿಯಲ್ಲಿ ನನ್ನನ್ನು ಮೊಣಕಾಲ ನಡುವೆ ಕೂರಿಸಿಕೊಂಡು ತಲೆಗೆ ಹರಳೆಣ್ಣೆ ತಟ್ಟುತ್ತಾ, ನಿಮ್ಮಪ್ಪನಂಥವನು ವಿಧಾನಸೌಧದಲ್ಲಿ ಕೂತರೆ ಸೀಮೆಗೆಲ್ಲ ನೀರು ಬಂದೀತು ಅಂತ ಮೊದಲು ಹೇಳಿದವಳು ಅವಳೇ. ಅಪ್ಪ ಚುನಾವಣೆಗೆ ನಿಂತಾಗ ಬರಿಗಾಲಲ್ಲಿ ಊರೂರು ತಿರುಗಿ ಓಟು ಕೇಳಿದಳು. ಪಟೇಲರು ಜೀಪು ಕೊಟ್ಟರು. ಅಪ್ಪ ಗೆದ್ದ.

ಗೆದ್ದ ಮೇಲೆ ಮನೆ ನಮ್ಮದಾಗಿ ಉಳಿಯಲಿಲ್ಲ. ಕೊಟ್ಟಿಗೆ ಕೆಡವಿ ಜನ ಕೂರಲು ದೊಡ್ಡ ಹಾಲ್ ಕಟ್ಟಿಸಿದರು, ದನ ಮಾರಿದರು, ಹಾಲಿನ ವಾಸನೆಯ ಜಾಗದಲ್ಲಿ ಸಿಗರೇಟಿನ ವಾಸನೆ ಬಂತು. ತೂಬು ಪಟೇಲರ ಆಳಿನ ಕೈಗೆ ಹೋಯಿತು. ಹತ್ತಿದ ಏಣಿ ಒದೆಯುವುದು ಅಂದರೆ ಇದೇ ನೋಡಿ. ಮರುವರ್ಷ ಮಳೆ ಕಡಿಮೆಯಾಗಿ, ಕೆರೆಯಲ್ಲಿದ್ದ ನೀರೆಲ್ಲ ಪಟೇಲರ ಕಬ್ಬಿಗೇ ಹರಿಯಿತು. ಕೊನೆಯ ಗದ್ದೆಯಲ್ಲಿ ಭತ್ತ ಹಾಲುಗಾಳು ಕಟ್ಟುವ ಹೊತ್ತು, ಆಗ ನೀರು ತಪ್ಪಿದರೆ ಕಾಳು ತುಂಬುವುದಿಲ್ಲ. ಅಪ್ಪನ ಒಂದು ಮಾತು ಸಾಕಿತ್ತು. ಅದನ್ನು ಕೇಳಲು ನಿಂಗಮ್ಮತ್ತೆ ಮಧ್ಯಾಹ್ನ ಬಂದಾಗ ಅಪ್ಪ ನಡುಮನೆಯಲ್ಲಿ ಉಣ್ಣುತ್ತಿದ್ದ. ನನ್ನ ಕಡೆ ತಿರುಗಿ, ಇಲ್ಲ ಅನ್ನು ಅಂತ ಎಡಗೈ ಆಡಿಸಿದ. ಹತ್ತು ವರ್ಷದ ಗಿಣಿ ನಾನು, ಬಾಗಿಲಿಗೆ ಹೋಗಿ, ಅಪ್ಪ ಬೆಂಗಳೂರಿಗೆ ಹೋಗವ್ನೆ ಅಂದೆ. ಅಪ್ಪನ ಕಾರು ಅಂಗಳದಲ್ಲೇ ನಿಂತಿತ್ತು. ಡ್ರೈವರ್ ಅದರೊಳಗೆ ಗೊರಕೆ ಹೊಡೆಯುತ್ತಿದ್ದ.

ಅವಳು ಕಾರನ್ನೂ ನೋಡಿದಳು, ನನ್ನನ್ನೂ ನೋಡಿದಳು. "ಬಂದ್ಮೇಲೆ ಯೋಳು ಮಗ, ಒಂದ್ ಸಾರಿ ನೀರ್ ಬುಟ್ರೆ ಸಾಕು ಅಂತ," ಅಂದಳು. ಅಪ್ಪನಿಗೆ ಅದು ಕೇಳಿಸಿತ್ತು. ಅವನು ಅವ್ವನ ಹತ್ತಿರ ಇನ್ನೊಂದು ಸೌಟು ಸಾರು ಹಾಕಿಸಿಕೊಂಡ.

ನೀರು ಬಿಟ್ಟವನಿಗೆ ಸುಗ್ಗಿಯಲ್ಲಿ ಮನೆಗೊಂದು ಮೊರ ಭತ್ತ ಕೊಡುವುದು ನಮ್ಮೂರ ಪದ್ಧತಿ. ಅಪ್ಪ ತೂಬಿನ ಕೆಲಸ ಬಿಟ್ಟ ಮೇಲೆ ಯಾರೂ ತರುತ್ತಿರಲಿಲ್ಲ, ಅಪ್ಪನಿಗೂ ಬೇಕಿರಲಿಲ್ಲ. ಆ ಸುಗ್ಗಿಯಲ್ಲಿ ನಿಂಗಮ್ಮತ್ತೆ ಮಾತ್ರ ಬಂದಳು. ಮೊರ ಅವ್ವನ ಕೈಗಿಟ್ಟು, "ಪದ್ದತಿ ಬುಡಕ್ಕಾಯ್ತದಾ, ತಕೊ ಕಣವ್ವ. ಈ ಸಲ ಬೆಳ್ದಿದ್ದು ಇದೇಯ," ಅಂದಳು. ಅದರಲ್ಲಿ ಅಣಕವಿರಲಿಲ್ಲ, ಅದೇ ನನ್ನನ್ನು ಸುಡುವುದು. ಅಪ್ಪ ಒಂದು ಹಿಡಿ ಎತ್ತಿ ಊದಿದ. ಬರೀ ಜೊಳ್ಳು, ಎಲ್ಲ ಹಾರಿಹೋಯಿತು. ಅವನು ಕೈ ಒರೆಸಿಕೊಂಡು ಕಾರು ಹತ್ತಿದ.

ಅವಳ ಎಕರೆಯನ್ನು ಪಟೇಲರು ಕೊಂಡರು. ಅವಳು ಮೈಸೂರಿಗೆ ಹೋಗಿ ಯಾವುದೋ ಛತ್ರದಲ್ಲಿ ಪಾತ್ರೆ ತೊಳೆಯುವ ಕೆಲಸಕ್ಕೆ ಸೇರಿದಳು. ಈಗ ಆ ಮನೆಯಿಲ್ಲ, ಅಪ್ಪನಿಲ್ಲ, ಕೆರೆಯಲ್ಲಿ ಸೈಟುಗಳಾಗಿವೆ. ಅಪ್ಪ ಮುಂದಿನ ಚುನಾವಣೆಯಲ್ಲೂ ಗೆದ್ದ, ಇನ್ನೂ ಜಾಸ್ತಿ ಓಟಿನಿಂದ. ಆ ಓಟಿನ ದಿನ ನಿಂಗಮ್ಮತ್ತೆ ಮೈಸೂರಿನಿಂದ ಬಸ್ಸು ಹತ್ತಿ ಓಟು ಹಾಕಲು ಬಂದಿದ್ದಳು. ಶಾಲೆಯ ಗೇಟಿನ ಹತ್ತಿರ ಎದುರಾದಾಗ, ಯಾರಿಗೆ ಹಾಕಿದೆ ಅತ್ತೆ ಅಂತ ಅಳುಕುತ್ತಲೇ ಕೇಳಿದೆ. ಸೋಪಿಗೆ ಬೆಂದು ಬಿರಿದ ಕೈಯಿಂದ ನನ್ನ ಕೆನ್ನೆ ಸವರಿ, "ಇನ್ಯಾರ್ಗ್ ಹಾಕ್ಲಿ ಮಗ, ನನ್ ತಮ್ಮ ಅಲ್ವಾ," ಅಂದಳು. ಆ ಕೈಯಿಂದ ಅವಳು ನನ್ನ ಕೆನ್ನೆಗೆ ಒಂದು ಬಾರಿಸಿದ್ದರೆ ನಾನು ಬದುಕಿಕೊಳ್ಳುತ್ತಿದ್ದೆ.