ಮಗಳ ಮದುವೆಯಲ್ಲಿ ನನ್ನ ಪಾಲಿನ ಮೆಣಸಿನಕಾಯಿ

ಭಾನುವಾರ ಬೆಳಿಗ್ಗೆ ನಮ್ಮ ಮನೆಯಲ್ಲಿ ಮಂಡಕ್ಕಿ ಒಗ್ಗರಣೆ, ಜೊತೆಗೆ ಮಿರ್ಚಿ ಬಜ್ಜಿ. ಈರುಳ್ಳಿ, ಕರಿಬೇವು ಎಣ್ಣೆಗೆ ಬಿದ್ದು, ನೆನೆಸಿ ಹಿಂಡಿದ ಮಂಡಕ್ಕಿ ಬಾಣಲೆಗಿಳಿದು, ಮೇಲೆ ಹುರಿಗಡಲೆಯ ಪುಟಾಣಿ ಹಿಟ್ಟು ಉದುರಿತೆಂದರೆ ಹೊಸಪೇಟೆಯಲ್ಲಿ ಹುಟ್ಟಿದ ಯಾವ ಮನುಷ್ಯನೂ ಹಾಸಿಗೆಯಲ್ಲಿ ಮಲಗಿರಲಾರ. ನಾನೂ ಏಳುತ್ತೇನೆ. ಆದರೆ ನಿಮ್ಮ ಹತ್ತಿರ ಮುಚ್ಚುಮರೆ ಏಕೆ, ಆ ವಾಸನೆ ಮೂಗಿಗೆ ಬಡಿದೊಡನೆ ನನಗೆ ಮೊದಲು ಆಗುವುದು ಹಸಿವಲ್ಲ, ಹೊಟ್ಟೆಕಿಚ್ಚು. ಯಾರ ಮೇಲೆ ಎಂದರೆ ನಮ್ಮ ಬೀಗಿತ್ತಿ ಹುಲಿಗೆಮ್ಮನವರ ಮೇಲೆ. ಕಡ್ಡಿರಾಂಪುರದಲ್ಲಿ, ಹಂಪಿಗೆ ಹೋಗುವ ರಸ್ತೆಗೆ, ಅವರದೊಂದು ಚಿಕ್ಕ ಹೋಟೆಲು. ನನ್ನ ಹೆಂಡತಿ ಈಗ ಮಾಡುವ ಒಗ್ಗರಣೆ ಅವರಿಂದ ಕಲಿತದ್ದು. ಮೂವತ್ತು ವರ್ಷ ತಾನು ಮಾಡಿದ್ದು ಒಗ್ಗರಣೆಯೇ ಅಲ್ಲ ಎಂದು ಬೇರೆ ಹೇಳುತ್ತಾಳೆ. ಅದನ್ನು ಮೂವತ್ತು ವರ್ಷ ಬಾಯಿ ಮುಚ್ಚಿಕೊಂಡು ತಿಂದವನು ನಾನು.

ಮಂಡಕ್ಕಿ ಇರುವುದು ದೊಡ್ಡದೊಂದು ಸ್ಟೀಲ್ ಡಬ್ಬಿಯಲ್ಲಿ. ಆ ಡಬ್ಬಿಯ ವಿಷಯವನ್ನೂ ಹೇಳಿಬಿಡುತ್ತೇನೆ, ಏಕೆಂದರೆ ನನ್ನ ಹೊಟ್ಟೆಕಿಚ್ಚಿಗೆ ಹುಲಿಗೆಮ್ಮನವರು ಮೊದಲಿಗರೇನಲ್ಲ. ಸಂಡೂರಿನಲ್ಲಿ ನನ್ನ ದೊಡ್ಡಪ್ಪನ ಮಗನಿದ್ದಾನೆ. ಅದಿರಿನ ಲಾರಿಗಳು ಹಗಲು ರಾತ್ರಿ ಓಡಿ ರಸ್ತೆ ಬದಿಯ ಬೇವಿನ ಮರಗಳೆಲ್ಲ ಕೆಂಪಾಗಿದ್ದ ಕಾಲದಲ್ಲಿ ಅವನ ಮನೆ ಮುಂದೆಯೂ ಲಾರಿಗಳು ನಿಂತವು. ಅವನ ಮಗಳ ಮದುವೆಗೆ ಹೋದವರಿಗೆಲ್ಲ ಒಂದೊಂದು ಡಬ್ಬಿ. ಮೇಲೆ ಮಗಳ ಹೆಸರು, ಅಳಿಯನ ಹೆಸರು, ಕೆಳಗೆ ದಪ್ಪ ಅಕ್ಷರದಲ್ಲಿ ಅವನದೇ ಹೆಸರು. ಡಬ್ಬಿಯನ್ನು ಕಂಕುಳಲ್ಲಿ ಇಟ್ಟುಕೊಂಡು ಬಸ್ಸಿನಲ್ಲಿ ವಾಪಸು ಬರುವಾಗ ನಮ್ಮ ವೀಣಾ, ಇರುವವಳೊಬ್ಬಳೇ ಮಗಳು, ನನ್ನ ತೊಡೆಯ ಮೇಲೆ ನಿದ್ದೆ ಹೋಗಿದ್ದಳು. ಆಗಲೇ ನಿಶ್ಚಯಿಸಿದೆ. ಇವಳ ಮದುವೆಗೆ ಡಬ್ಬಿಯಲ್ಲ, ಬಿಂದಿಗೆ ಕೊಡಬೇಕು. ಸಂಡೂರಿನವನ ಅಡುಗೆಮನೆಯಲ್ಲಿ ನನ್ನ ಮಗಳ ಹೆಸರಿನ ಬಿಂದಿಗೆಯಲ್ಲಿ ನೀರು ತುಂಬಬೇಕು. ಅಲ್ಲಿಂದ ಮುಂದೆ ನನ್ನ ಹಾರ್ಡ್‌ವೇರ್ ಅಂಗಡಿಯಲ್ಲಿ ಮೊಳೆ ಮಾರಿದ್ದು, ಬಣ್ಣ ಮಾರಿದ್ದು ಎಲ್ಲ ಆ ಬಿಂದಿಗೆಗಾಗಿಯೇ ಎನ್ನಬಹುದು.

ವೀಣಾ ಓದು ಮುಗಿಸಿ ಕಂಪ್ಲಿಯ ಕಾಲೇಜೊಂದರಲ್ಲಿ ಪಾಠ ಹೇಳಲು ಸೇರಿದಳು. ಅದೇ ಊರಿನ ಬ್ಯಾಂಕಿನಲ್ಲಿ ಹುಲಿಗೆಮ್ಮನವರ ಮಗ ಮಂಜುನಾಥ. ಹೊಸಪೇಟೆಯಿಂದ ಇಬ್ಬರಿಗೂ ಒಂದೇ ಬಸ್ಸು. ಮುಂದಿನದನ್ನು ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ. ಹುಡುಗನ ಬಗ್ಗೆ ನನ್ನದೇನೂ ತಕರಾರಿರಲಿಲ್ಲ. ತಕರಾರು ಹುಟ್ಟಿದ್ದು ಖರ್ಚಿನ ಮಾತಿಗೆ ಕುಳಿತಾಗ.

ಎರಡೂ ಮನೆಯವರು ನಮ್ಮ ಪಡಸಾಲೆಯಲ್ಲಿ ಸೇರಿದ್ದೆವು. ಖರ್ಚೆಲ್ಲ ನನ್ನದೇ, ನೀವು ಸುಮ್ಮನೆ ಬಂದು ಅಕ್ಕಿಕಾಳು ಹಾಕಿ ಹೋಗಿ ಎಂದು ಹೇಳಲು ನಾನು ಗಂಟಲು ಸರಿಮಾಡಿಕೊಂಡೆ. ಎಷ್ಟೋ ವರ್ಷದಿಂದ ಮನಸ್ಸಿನಲ್ಲೇ ಆಡಿ ಆಡಿ ಹದ ಮಾಡಿಟ್ಟಿದ್ದ ಮಾತು ಅದು. ಅಷ್ಟರಲ್ಲಿ ವೀಣಾ ಬಾಯಿ ಹಾಕಿದಳು.

"ಎರಡೂ ಮನಿಯೋರು ಸಮ ಸಮ ಹಾಕ್ರಿ. ಅತ್ತಿ ಸಾಲ ಮಾಡದಂಗ ಎಷ್ಟು ಹಾಕಾಕ ಆಗ್ತೈತೋ, ಅಪ್ಪನೂ ಅಷ್ಟ ಹಾಕ್ಲಿ. ಮಿಕ್ಕಿದ್ದು ನಮ್ಮಿಬ್ಬರ ಪಗಾರದಾಗ."

ಹುಲಿಗೆಮ್ಮನವರು ಸೆರಗು ಸರಿಮಾಡಿಕೊಂಡು ತಮ್ಮ ಕೈಲಾಗುವುದನ್ನು ಹೇಳಿದರು. ನಾಚಿಕೆಯೂ ಇಲ್ಲ, ಜಂಬವೂ ಇಲ್ಲ. ನಾನು ಬ್ಯಾಂಡಿನವರಿಗೆ ಎಂದೇ ಮನಸ್ಸಿನಲ್ಲಿ ತೆಗೆದಿಟ್ಟಿದ್ದಕ್ಕಿಂತ ಅದು ಸ್ವಲ್ಪ ಹೆಚ್ಚು, ಅಷ್ಟೆ. ಆಮೇಲೆ ನನ್ನ ಕಡೆ ತಿರುಗಿದರು. "ನಾಷ್ಟಾ, ಅಡಿಗಿ ಎರಡೂ ನಂದು. ಕೈಕೆಲಸ ಲೆಕ್ಕಕ್ಕ ಹಿಡೀಬ್ಯಾಡ್ರಿ ಬೀಗ್ರ."

ಅದಕ್ಕೆ ವೀಣಾ ಒಪ್ಪಿದಳು. ರೊಕ್ಕಕ್ಕೆ ಮಿತಿಯುಂಟು, ಕೈಕೆಲಸಕ್ಕೆ ಮಿತಿಯಿಲ್ಲ! ನೀವೇ ಹೇಳಿ, ಈ ಕಾನೂನಿನಲ್ಲಿ ಗೆಲ್ಲುವವರು ಯಾರು? ನಾನು ಮೊಳೆ ಮಾರಿದವನೇ ಹೊರತು ಒಂದು ಮೊಳೆಯನ್ನೂ ನೆಟ್ಟಗೆ ಹೊಡೆದವನಲ್ಲ. ನಮ್ಮ ಮನೆಯಲ್ಲಿ ದೇವರ ಪಟಗಳೆಲ್ಲ ಒಂದೇ ಕಡೆಗೆ ವಾಲಿವೆ. ಹೆತ್ತವನು ನಾನು, ಓದಿಸಿದವನು ನಾನು, ಮಗಳ ಮದುವೆ ಮಾತ್ರ ಒಗ್ಗರಣೆಯವರ ಪಾಲಾಯಿತಲ್ಲ ಎಂದು ಅಂದು ಅನ್ನ ಸೇರಲಿಲ್ಲ.

ಹುಟ್ಟುಗುಣ ಸುಟ್ಟರೂ ಹೋಗದು ಎನ್ನುತ್ತಾರೆ. ಕೆಲವು ದಿನ ತಡೆದುಕೊಂಡೆ. ಆಮೇಲೆ ಯಾರಿಗೂ ಹೇಳದೆ ಪಾತ್ರೆ ಅಂಗಡಿಗೆ ಹೋಗಿ ಬಿಂದಿಗೆಗಳಿಗೆ ಹೇಳಿ, ಹೆಸರು ಕೆತ್ತಿಸಲು ಮುಂಗಡವನ್ನೂ ಕೊಟ್ಟು ಬಂದೆ. ಅಂಗಡಿಯವನಿಗೆ ಅಳಿಯನ ಹೆಸರು ಮಂಜುನಾಥನೋ ಮಂಜುನಾಥಪ್ಪನೋ ಎಂದು ಅನುಮಾನ ಬಂದು ಫೋನು ಮಾಡಿದ. ನಾನು ಸ್ನಾನಕ್ಕೆ ಹೋಗಿದ್ದೆ. ಫೋನು ಎತ್ತಿದವಳು ವೀಣಾ.

ಅವಳು ಕೂಗಾಡಲಿಲ್ಲ. ಕೂಗಾಡಿದ್ದರೆ ನಾನೂ ಕೂಗಾಡಿ ಹಗುರಾಗುತ್ತಿದ್ದೆ. ಮಂಡಕ್ಕಿ ಡಬ್ಬಿಯ ಪಕ್ಕದಲ್ಲೇ ನಿಂತು ಹೇಳಿದಳು. "ಅಪ್ಪಾ, ಈ ಡಬ್ಬಿ ನೋಡಿದಾಗೆಲ್ಲ ನಿನ್ನ ಮಾರಿ ಹ್ಯಾಂಗ ಆಗ್ತೈತಿ, ನಾ ಸಣ್ಣಾಕಿ ಇದ್ದಾಗಿಂದ ನೋಡೀನಿ. ಅತ್ತಿ ಮಾರಿ ಹಂಗ ಆಗೋದು ನನಗ ಬ್ಯಾಡ."

ನಾನು ನನ್ನ ಮುಖವನ್ನು ಯಾರೂ ನೋಡಿಲ್ಲ ಎಂದುಕೊಂಡಿದ್ದೆ. ಹಾಗಾದರೆ ನಾನೇನು ಕೊಡಲಿ ಎಂದು ಕೇಳಿದೆ. ದನಿ ನನಗೇ ಸಣ್ಣದಾಗಿ ಕೇಳಿತು. ಮದುವೆಯ ದಿನ ನಸುಕಿನಲ್ಲೇ ಹೋಗು, ಅತ್ತೆಗೆ ಕೆಲಸ ಭಾಳ ಇರುತ್ತದೆ, ಅವರು ಹೇಳಿದ್ದು ಮಾಡು ಎಂದಳು. ಬಿಂದಿಗೆಯ ಮುಂಗಡ ವಾಪಸು ಬರಲಿಲ್ಲ. ಅದಕ್ಕೆ ಬದಲಾಗಿ ಒಂದು ಇಡ್ಲಿ ಪಾತ್ರೆ ಬಂತು.

ಮದುವೆ ಕಡ್ಡಿರಾಂಪುರದಲ್ಲೇ, ಅವರ ಹೋಟೆಲಿನ ಮುಂದಿನ ಬಯಲಿನಲ್ಲಿ ಹಂದರ ಹಾಕಿ. ನನ್ನ ಹೆಂಡತಿಯ ತಮ್ಮ ಕಮಲಾಪುರದ ತನ್ನ ತೋಟದಿಂದ ಗೊನೆ ಸಮೇತ ಬಾಳೆಕಂಬ ತಂದು ನಿಲ್ಲಿಸಿದ್ದ. ತೋಟದ್ದು, ಹಾಗಾಗಿ ರೊಕ್ಕದ ಲೆಕ್ಕಕ್ಕೆ ಬಾರದ್ದು. ಅವನನ್ನು ಕಂಡೂ ಹೊಟ್ಟೆ ಉರಿಯಿತು. ಹುಲಿಗೆಮ್ಮನವರು ನನ್ನ ಮುಂದೆ ಒಂದು ಚೀಲ ಹಸಿಮೆಣಸಿನಕಾಯಿ ಸುರಿದು, ಚಾಕು ಕೊಟ್ಟು, ಸೀಳುವುದನ್ನು ತೋರಿಸಿದರು.

"ಕೈಗೆ ಎಣ್ಣಿ ಹಚ್ಕೊಳ್ರಿ ಬೀಗ್ರ. ಇಲ್ಲಾಂದ್ರ ಉರೀತಾವ."

ಬ್ಯಾಡ ಬಿಡ್ರಿ ಎಂದೆ. ಅವರ ಎಣ್ಣೆಯೂ ನನಗೆ ಬೇಕಿರಲಿಲ್ಲ.

ಮಿರ್ಚಿಯ ಮೆಣಸಿನಕಾಯಿ ಸೀಳುವುದು ನೀವು ತಿಳಿದಷ್ಟು ಸುಲಭವಲ್ಲ. ತೊಟ್ಟೂ ಇರಬೇಕು, ತುದಿಯೂ ಇರಬೇಕು, ಹೊಟ್ಟೆ ಮಾತ್ರ ಬಿಚ್ಚಿ ಬೀಜ ತೆಗೆಯಬೇಕು. ನಾನು ಮೊದಲು ಸೀಳಿದವೆಲ್ಲ ಎರಡು ಹೋಳಾದವು. ಹುಲಿಗೆಮ್ಮನವರು ಅವನ್ನು ಎತ್ತಿ ಒಗ್ಗರಣೆಗೆ ಹಾಕಿದರು. ಬೈದಿದ್ದರೆ ಎದ್ದು ಹೋಗಬಹುದಿತ್ತು. ಹೋಗಲಿಲ್ಲ. ಬೆಳಕು ಹರಿಯುವ ಹೊತ್ತಿಗೆ ಕೈ ಹದಕ್ಕೆ ಬಂದಿತ್ತು, ಉರಿಯೂ ಶುರುವಾಗಿತ್ತು.

ಅಷ್ಟರಲ್ಲಿ ಅರಿಶಿನದ ಸೀರೆಯುಟ್ಟ ವೀಣಾ ಒಲೆಯ ಹತ್ತಿರ ಬಂದಳು. ಧಾರೆಯಾಗುವವರೆಗೆ ಏನೂ ತಿನ್ನಬಾರದೆಂದು ಅವಳ ತಾಯಿ ಕಟ್ಟುನಿಟ್ಟಾಗಿ ಹೇಳಿದ್ದಳು. ಹುಲಿಗೆಮ್ಮನವರು ಆ ಕಡೆ ಈ ಕಡೆ ನೋಡಿ, ಬಿಸಿ ಮಿರ್ಚಿಯೊಂದನ್ನು ಮುರಿದು, ಊದಿ, ಅವಳ ಬಾಯಿಗಿಟ್ಟರು. "ಉಪ್ಪು ಕಡಿಮಿ ಆಗೈತಿ ಅವ್ವಾ," ಎಂದಳು ನನ್ನ ಮಗಳು.

ಅವ್ವಾ! ಇಷ್ಟು ದಿನ ಅತ್ತಿ ಎನ್ನುತ್ತಿದ್ದವಳು. ಹೆತ್ತವಳಿಗೆ ಮಮ್ಮಿ, ಇವರಿಗೆ ಅವ್ವ. ನಾನು ಬುಟ್ಟಿಯ ಹಿಂದೆ ಕುಳಿತದ್ದು ಅವಳಿಗೆ ಕಾಣಲೂ ಇಲ್ಲ. ಆ ಹೊತ್ತಿನಲ್ಲಿ ನನಗಾದ ಸಂಕಟದ ಮುಂದೆ ಸಂಡೂರಿನವನ ಡಬ್ಬಿ ಯಾವ ಲೆಕ್ಕ? ತಲೆ ಬಗ್ಗಿಸಿ ಮಿಕ್ಕವನ್ನೆಲ್ಲ ಸೀಳಿದೆ. ಇನ್ನೊಬ್ಬರು ಕೈ ಹಾಕಲು ಬಂದರೆ ಬಿಡಲಿಲ್ಲ.

ಧಾರೆಯ ಹೊತ್ತಿಗೆ ಎರಡೂ ಅಂಗೈ ಕೆಂಡವಾಗಿದ್ದವು. ಹಣೆಯ ಬೆವರು ಒರೆಸಿಕೊಳ್ಳಲು ಹೋಗಿ ಕಣ್ಣಿಗೂ ತಾಗಿಸಿಕೊಂಡೆ. ನೀರು ದಳದಳ ಇಳಿಯತೊಡಗಿತು. ಒಬ್ಬಾಕೇ ಮಗಳು ನೋಡ್ರಿ, ಪಾಪ, ಎಂದು ಹಿಂದೆ ಹೆಂಗಸರು ಮಾತಾಡಿಕೊಂಡರು. ವೀಣಾಳ ಕೈಯನ್ನು ನನ್ನ ಕೈಯಲ್ಲಿ ಹಿಡಿದು ಅಳಿಯನ ಕೈಗೆ ಇಟ್ಟೆ. ಹೆಂಡತಿ ತಂಬಿಗೆಯಿಂದ ನೀರು ಬಿಟ್ಟಳು. ಆ ತಣ್ಣೀರು ನನ್ನ ಅಂಗೈ ಮೇಲೆ ಹರಿದು ಅವಳ ಕೈಗೆ ಇಳಿಯುವಾಗ ಎಂಥಾ ಹಾಯೆನಿಸಿತೆಂದರೆ, ಭಟ್ಟರು ಸಾಕು ಎಂದರೂ ನಾನು ಕೈ ತೆಗೆಯಲಿಲ್ಲ. ವೀಣಾ ನನ್ನ ಕೈಯನ್ನೇ ನೋಡಿದಳು. ಘಾಟು ಮೂಗಿಗೆ ಬಂದಿರಬೇಕು. ಬಗ್ಗಿ ಕಿವಿಯಲ್ಲಿ ಕೇಳಿದಳು.

"ಅಪ್ಪಾ, ಎಷ್ಟು ಸೀಳಿದಿ?"

"ಎಲ್ಲಾ," ಎಂದೆ.

ಅವಳ ಅಂಗೈಯೂ ಸಂಜೆಯವರೆಗೆ ಉರಿಯಿತಂತೆ. ಇದನ್ನು ಅವಳು ತಿಂಗಳಾದ ಮೇಲೆ ಹೇಳಿದಳು. ಪಾಪ ಎನ್ನುವುದು ಬಿಟ್ಟು ನನಗೆ ಒಳಗೊಳಗೇ ಖುಷಿಯಾಯಿತು. ಆ ದಿನ ಎಲ್ಲರೂ ಹೊಗಳಿದ್ದು ಹುಲಿಗೆಮ್ಮನವರ ಮಿರ್ಚಿಯನ್ನೇ, ಸಂಡೂರಿನವನಂತೂ ಎರಡು ಸಲ ಹಾಕಿಸಿಕೊಂಡು ತಿಂದ. ಅವನಿಗೆ ಯಾರೂ ಬಿಂದಿಗೆ ಕೊಡಲಿಲ್ಲ. ಅದಕ್ಕಾಗಿ ಇಂದಿಗೂ ಸ್ವಲ್ಪ ಬೇಸರವಿದೆ.

ಈಗ ಫೋನು ಬಂತು. ವೀಣಾ, ಅಳಿಯ, ಜೊತೆಗೆ ಹುಲಿಗೆಮ್ಮನವರೂ ಹೊರಟಿದ್ದಾರಂತೆ. ಬೀಗಿತ್ತಿಯವರು ಬಂದು ಒಂದು ತುತ್ತು ಬಾಯಿಗಿಟ್ಟು ಹುಳಿ ಸಾಲದು ಎನ್ನುತ್ತಾರೆ, ನನ್ನ ಹೆಂಡತಿ ಹೌದೌದು ಎನ್ನುತ್ತಾಳೆ, ಮಗಳು ಅವ್ವಾ ಅವ್ವಾ ಎಂದು ಅವರ ಪಕ್ಕದಲ್ಲೇ ಕುಳಿತುಕೊಳ್ಳುತ್ತಾಳೆ. ನನ್ನ ಹೊಟ್ಟೆ ಉರಿಯುತ್ತದೆ, ಅದರಲ್ಲಿ ಸಂಶಯವಿಲ್ಲ. ಆದರೆ ಫೋನು ಇಡುವ ಮೊದಲು ವೀಣಾ ತಾಯಿಗೆ ಹೇಳಿದ್ದು ನನಗೂ ಕೇಳಿಸಿತು. "ಮಮ್ಮಿ, ಮೆಣಸಿನಕಾಯಿಗೆ ನೀ ಕೈ ಹಚ್ಚಬ್ಯಾಡ. ಅಪ್ಪ ಸೀಳ್ಲಿ."

ಚಾಕು ತೆಗೆದುಕೊಂಡು ಕುಳಿತಿದ್ದೇನೆ. ಹೆಂಡತಿ ಎಣ್ಣೆಯ ಬಟ್ಟಲನ್ನು ನನ್ನ ಕಡೆ ತಳ್ಳಿದಳು. ಬ್ಯಾಡ ಎಂದು ವಾಪಸು ತಳ್ಳಿದೆ.