ಹನ್ನೆರಡನೆಯ ಸೊಸೆಯ ತಾತ್ಕಾಲಿಕ ಹೆಸರು

ಜಹೀರಾಬಾದಿನ ಶಕುಂತಲಾಬಾಯಿಗೆ ಆ ಹೆಸರು ಬಂದದ್ದು ಒಂದು ಕೈಚೀಲದಿಂದ.

ಯಾಲಾಲದ ತವರಿನಲ್ಲಿ ಅವಳು ಪ್ರೇಮಲಾ. ಬಸ್ಸಿನಲ್ಲಿ ತಾಂಡೂರಿಗೆ ಓಡಾಡಿ ಹತ್ತನೆಯ ತರಗತಿ ಪಾಸಾದವಳು. 1981ರಲ್ಲಿ ಬೀಜದ ಅಂಗಡಿಯ ರೇವಪ್ಪನೊಂದಿಗೆ ಮದುವೆಯಾಯಿತು. ಆ ಮನೆಯ ರೂಢಿಯಂತೆ ಮದುವೆಯ ದಿನವೇ ಸೊಸೆಗೆ ಹೊಸ ಹೆಸರು ಇಡಬೇಕು. ತಾಟಿನಲ್ಲಿ ಅಕ್ಕಿ ಹರವುತ್ತಾರೆ, ವರನ ಅಕ್ಕ ಹೆಸರು ಹೇಳುತ್ತಾಳೆ, ವರ ಉಂಗುರದ ಬೆರಳಿನಿಂದ ಅದನ್ನು ಅಕ್ಕಿಯಲ್ಲಿ ಬರೆಯುತ್ತಾನೆ. ರೇವಪ್ಪನ ಅಕ್ಕ ಗುರುಲಿಂಗಮ್ಮ ನಾರಾಯಣಖೇಡದಿಂದ ಬರುವಾಗ ದಾರಿಯುದ್ದಕ್ಕೂ ಒಂದು ಹೆಸರನ್ನು ಬಾಯಿಪಾಠ ಮಾಡಿಕೊಂಡೇ ಬಂದಿದ್ದಳಂತೆ. ಚಪ್ಪರದಲ್ಲಿ ವಾಲಗದ ಸದ್ದಿಗೆ ಅದು ಮರೆತುಹೋಯಿತು. ಎಲ್ಲರೂ ಕಾಯುತ್ತಿದ್ದರು. ಅವಳ ಕಣ್ಣು ಅತ್ತಿತ್ತ ಹರಿದು, ಸೀರೆ ತಂದ ಚೀಲದ ಮೇಲೆ ನಿಂತಿತು. 'ಶಕುಂತಲಾ ವಸ್ತ್ರ ಭಂಡಾರ.'

"ಶಕುಂತಲಾ," ಎಂದಳು ಗುರುಲಿಂಗಮ್ಮ. ಮರ್ಯಾದೆಗಿರಲಿ ಎಂದು ಮದುವೆ ಮಾಡಿಸುತ್ತಿದ್ದ ಅಯ್ಯನವರು 'ಬಾಯಿ' ಸೇರಿಸಿದರು.

ಹೆಸರು ಬರೆದ ಅಕ್ಕಿಯಿಂದ ಮರುದಿನ ಪಾಯಸ ಮಾಡುವುದೂ ರೂಢಿಯೇ. ಮಾಡುವವಳು ಹೊಸ ಸೊಸೆ. ಆ ಅಕ್ಕಿಯನ್ನು ತಾನೇ ತೊಳೆದು, ಬೇಯಿಸಿ, ಹದಿನಾಲ್ಕು ಜನಕ್ಕೆ ಬಡಿಸಿದ ಮೇಲೆ ಅವಳ ಪಾಲಿಗೆ ಉಳಿದದ್ದು ಪಾತ್ರೆಯ ತಳಕ್ಕೆ ಹತ್ತಿದ್ದಷ್ಟೇ.

ಹದಿಮೂರು ವರ್ಷದ ನಂತರ ಓಣಿಗೆ ಅಂಗನವಾಡಿ ಬಂತು. ಹತ್ತನೆಯ ತರಗತಿ ಪಾಸಾದ ಹೆಂಗಸು ಬೇಕಿತ್ತು. ಶಕುಂತಲಾಬಾಯಿ ಟ್ರಂಕಿನಿಂದ ಸರ್ಟಿಫಿಕೇಟು ತೆಗೆದುಕೊಂಡು ಹೋದಳು. ಕಚೇರಿಯವನು ಸರ್ಟಿಫಿಕೇಟನ್ನೂ ರೇಷನ್ ಕಾರ್ಡನ್ನೂ ಪಕ್ಕಪಕ್ಕ ಇಟ್ಟುಕೊಂಡ.

"ಈ ಪ್ರೇಮಲಾ ಯಾರವ್ವ?"

"ನಾನೇ ರೀ."

"ಮತ್ತ ಶಕುಂತಲಾಬಾಯಿ?"

"ಅದೂ ನಾನೇ ರೀ."

"ಹಂಗಾದ್ರ ಇಬ್ಬರೊಳಗ ಒಬ್ಬರು ಬರ್ರಿ," ಎಂದ ಅವನು.

ಒಬ್ಬರಾಗುವಷ್ಟರಲ್ಲಿ ಆ ಕೆಲಸ ಬೇರೆಯವರ ಪಾಲಾಗಿತ್ತು. ಇದನ್ನು ಅವಳು ಯಾವಾಗಲೂ ನಗುತ್ತಲೇ ಹೇಳುತ್ತಿದ್ದಳು, ಹೆಚ್ಚಾಗಿ ರೊಟ್ಟಿ ಬಡಿಯುವಾಗ. ಕೊನೆಯ ಮಾತು ಬಂದಾಗ ಮಾತ್ರ ರೊಟ್ಟಿಗೆ ಬೀಳುವ ಏಟು ಸ್ವಲ್ಪ ಜೋರಾಗುತ್ತಿತ್ತು.

2011 ಪ್ರತ್ಯೇಕ ತೆಲಂಗಾಣ ರಾಜ್ಯದ ಚಳವಳಿಯ ವರ್ಷ. ಜೂನ್ ತಿಂಗಳಲ್ಲಿ ಊರೂರಿನ ಗಂಡಸರು ರಸ್ತೆಯ ಮೇಲೆ ಅಡುಗೆ ಮಾಡಿ, ಅಲ್ಲೇ ಉಂಡು, ಸಂಚಾರ ನಿಲ್ಲಿಸಿದರು. ಹೈದರಾಬಾದ್ ರಸ್ತೆಯಲ್ಲಿ ರೇವಪ್ಪ ದೊಡ್ಡ ಸೌಟು ಹಿಡಿದು ಅನ್ನ ತಿರುವುವ ಫೋಟೊ ಪೇಪರಿನಲ್ಲಿ ಬಂತು. ಬೇಳೆ ಆರಿಸಿದ್ದು, ಉಳ್ಳಾಗಡ್ಡಿ ಹೆಚ್ಚಿದ್ದು, ಸೀದ ಪಾತ್ರೆಯನ್ನು ಮೂರು ದಿನ ನೆನೆಹಾಕಿ ತಿಕ್ಕಿದ್ದು ಫೋಟೊದಲ್ಲಿ ಇರಲಿಲ್ಲ. ಆಮೇಲೆ ಅವನು ತನ್ನ ಸ್ಕೂಟರಿನ ನಂಬರಿನಲ್ಲಿ 'ಎಪಿ' ಅಳಿಸಿ 'ಟಿಜಿ' ಎಂದು ಬರೆದ. ಸರ್ಕಾರ ಕೊಡುವ ತನಕ ಕಾಯುವವನಲ್ಲ ಅವನು.

ಸೆಪ್ಟೆಂಬರಿನಲ್ಲಿ ಸಕಲ ಜನರ ಮುಷ್ಕರ ಶುರುವಾಯಿತು. ಮಗ ಪ್ರವೀಣಕುಮಾರ ಬಸ್ ಡಿಪೋದಲ್ಲಿ ಮೆಕ್ಯಾನಿಕ್. ಬಸ್ಸುಗಳು ನಿಂತವು, ಅವನು ಮನೆಯಲ್ಲಿ ಕುಳಿತ. ಅವನನ್ನು ನೋಡಲು ಗೆಳೆಯರು ಬಂದು ಕುಳಿತರು. ದಿನಕ್ಕೆ ಆರು ಕಪ್ಪಿದ್ದ ಚಹಾ ಹದಿನಾಲ್ಕಾಯಿತು. ಸಕಲ ಜನರಲ್ಲಿ ಮುಷ್ಕರ ಮಾಡದೆ ಉಳಿದದ್ದು ಆ ಮನೆಯ ಒಲೆ ಒಂದೇ.

ಪ್ರವೀಣನಿಗೆ ಬಶೀರಾಬಾದಿನ ಶಾಮಲಾಳೊಂದಿಗೆ ನಿಶ್ಚಯವಾಗಿತ್ತು. ಅವಳು ತಾಂಡೂರಿನ ಜೂನಿಯರ್ ಕಾಲೇಜಿನಲ್ಲಿ ರಸಾಯನಶಾಸ್ತ್ರದ ಕಾಂಟ್ರಾಕ್ಟ್ ಲೆಕ್ಚರರ್. ಮದುವೆ ಶಿವರಾತ್ರಿಗಿಂತ ಮೊದಲು. ದಿನಾ ಮಧ್ಯಾಹ್ನ ಎರಡೂವರೆಗೆ, ಪಾತ್ರೆ ತೊಳೆದಾದ ಮೇಲೆ, ಶಕುಂತಲಾಬಾಯಿ ಅವಳಿಗೆ ಫೋನ್ ಮಾಡುತ್ತಿದ್ದಳು.

"ಊಟ ಆತೇನವ್ವ?"

"ಆತ್ರಿ ಅತ್ತಿ. ನಿಮ್ದು?"

"ಗಂಡಸರ್ದು ಆತು. ನಾ ಈಗ ಕುಂತೀನಿ. ಕಾಲೇಜ ಬಂದ್ ಅದ, ನೀ ಏನ್ ಮಾಡಾಕತ್ತಿ?"

"ಹುಡುಗರಿಗೆ ಮೂಲವಸ್ತುಗಳ ಚಾರ್ಟ್ ಬರಿಯಾಕತ್ತೀನ್ರಿ. ಬಂಗಾರ, ಕಬ್ಬಿಣ, ಆಕ್ಸಿಜನ್ ಇರ್ತಾವಲ್ರಿ, ಅವು."

"ಗೊತ್ತದ. ನಾ ಓದುವಾಗ ನೂರರ ಮ್ಯಾಲ ಒಂದೈದೋ ಆರೋ ಇದ್ವು."

ಆ ಕಡೆ ಶಾಮಲಾ ಪೆನ್ನು ಕೆಳಗಿಟ್ಟಳು. ಅತ್ತೆ ಇದನ್ನು ಬಲ್ಲಳೆಂದು ಯಾರೂ ಅವಳಿಗೆ ಹೇಳಿರಲಿಲ್ಲ. "ಈಗ ನೂರಾ ಹನ್ನೆರಡರ ತನಕ ಖಾಯಂ ಹೆಸರು ಅದಾವ್ರಿ. ಅದರ ಮುಂದಿನ ಕೆಲವು ಸಿಕ್ಕಾವ ಅಂತಾರ, ಇನ್ನಾ ಪಕ್ಕಾ ಆಗಿಲ್ಲ. ನೂರಾ ಹತ್ತೊಂಬತ್ತು, ನೂರಾ ಇಪ್ಪತ್ತು ಅಂತೂ ಯಾರೂ ಕಂಡೇ ಇಲ್ಲ. ಆದರೂ ಹೆಸರು ಅದಾವ."

"ಕಾಣಲಾರದ್ದಕ್ಕ ಹ್ಯಾಂಗ ಹೆಸರಿಡ್ತಾರ?"

"ನಂಬರ ನೋಡಿ ಇಡ್ತಾರ್ರಿ. ಸೊನ್ನಿಗೆ ನಿಲ್, ಒಂದಕ್ಕ ಉನ್, ಎರಡಕ್ಕ ಬಿ, ಮೂರಕ್ಕ ಟ್ರಿ. ಹಿಂಗ ಹತ್ತು ಶಬ್ದ. ಕೊನಿಗೆ 'ಇಯಮ್' ಹಚ್ಚಿದ್ರ ಆತು. ನೂರಾ ಇಪ್ಪತ್ತು ಅಂದ್ರ ಒಂದು, ಎರಡು, ಸೊನ್ನಿ. ಉನ್‌ಬಿನಿಲಿಯಮ್."

"ಅಯ್ಯ, ಬಾಯಾಗ ಹಿಡಿಯಂಗಿಲ್ಲ."

"ಟೆಂಪರರಿ ಹೆಸರು ರೀ ಅದು. ಖರೇನ ಸಿಕ್ಕ ಮ್ಯಾಲ, ಮೊದಲ ಕಂಡವರು ಖಾಯಂ ಹೆಸರು ಹೇಳ್ತಾರ. ಅಲ್ಲಿ ತನಕ ಯಾರ್ದೂ ಜಗಳ ಬ್ಯಾಡ ಅಂತ ಹಿಂಗ."

ಶಕುಂತಲಾಬಾಯಿಗೆ ಇದು ಬಹಳ ಹಿಡಿಸಿತು. ಹತ್ತೂ ಶಬ್ದ ಕೇಳಿ ಚೀಟಿಯಲ್ಲಿ ಬರೆದುಕೊಂಡು ಹಿಟ್ಟಿನ ಡಬ್ಬಿಯ ಮೇಲೆ ಅಂಟಿಸಿದಳು. ಇಪ್ಪತ್ತೈದನೆಯ ರೊಟ್ಟಿ ಬಿಪೆಂಟಿಯಮ್, ಮೂವತ್ತೊಂದನೆಯದು ಟ್ರಿಯುನಿಯಮ್. ಪ್ರವೀಣನ ಗೆಳೆಯರು ಊಟಕ್ಕೆ ಕುಳಿತಾಗ, "ತಿನ್ರಪ್ಪಾ, ಇನ್ನಾ ಕ್ವಾಡ್‌ನಿಲಿಯಮ್ ತನಕ ಬಡಿತೀನಿ," ಎನ್ನುತ್ತಿದ್ದಳು. ನಲವತ್ತನೆಯ ರೊಟ್ಟಿ ಎಂದರೆ ಎಷ್ಟು ಹೊತ್ತಿನ ಕೆಲಸ ಎಂದು ಅವರಾರೂ ಕೇಳಲಿಲ್ಲ.

ಮುಷ್ಕರ ಮುಗಿದು, ಚಳಿಗಾಲ ಬಂದು, ಒಂದು ದಿನ ಶಾಮಲಾಳೇ ಫೋನ್ ಮಾಡಿದಳು. "ಅತ್ತಿ, ನನ್ನ ಹೆಸರೂ ಬದಲಿ ಮಾಡ್ತೀರೇನ್ರಿ? ನನ್ನ ಸರ್ಟಿಫಿಕೇಟ್ ಎಲ್ಲಾ ಶಾಮಲಾ ಅಂತ ಅದಾವ. ಕಾಂಟ್ರಾಕ್ಟಿನವರಿಗೆ ಖಾಯಂ ಮಾಡ್ತಾರಂತ ಮಾತು ನಡದದ. ನಿಮ್ಮ ಮಗಗ ಹೇಳ್ದೆ. ಸೋದರತ್ತಿ ಮುಂದ ನಾ ಬಾಯಿ ತೆರಿಯಂಗಿಲ್ಲ ಅಂದ್ರು."

ಶಕುಂತಲಾಬಾಯಿಯ ಕೈಯಲ್ಲಿ ತುತ್ತು ಹಾಗೇ ಉಳಿಯಿತು. ಪ್ರವೀಣನಿಗೆ ಅಕ್ಕತಂಗಿಯರಿಲ್ಲ, ಆದ್ದರಿಂದ ಈ ಸಲವೂ ಹೆಸರಿಡುವ ಹಕ್ಕು ಗುರುಲಿಂಗಮ್ಮನದು. 'ಮಹಾನಂದಾ' ಎಂದು ಅವಳು ಆಗಲೇ ನಾರಾಯಣಖೇಡದಿಂದ ಹೇಳಿ ಕಳಿಸಿದ್ದಳು, ಮತ್ತೆ ಮರೆಯಬಾರದೆಂದು. ರೇವಪ್ಪನಿಗೆ ಏಳು ವರ್ಷವಿದ್ದಾಗ ತಾಯಿ ತೀರಿಕೊಂಡಿದ್ದಳು. ಅವನನ್ನು ಎತ್ತಿ ಸಾಕಿದ ಅಕ್ಕನ ಮಾತು ಆ ಮನೆಯಲ್ಲಿ ಎರಡು ಸಲ ಹೇಳಬೇಕಾಗುತ್ತಿರಲಿಲ್ಲ. ಆದರೂ ಶಕುಂತಲಾಬಾಯಿ ಮೊದಲು ಗಂಡನನ್ನೇ ಕೇಳಿದಳು.

"ಏನ್ರಿ, ಇನ್ನಾ ಸಿಗಲಾರದ ರಾಜ್ಯದ ಹೆಸರು ಸ್ಕೂಟರ ಮ್ಯಾಲ ಬರದೀರಿ. ಇಪ್ಪತ್ತೈದು ವರ್ಷದಿಂದ ಇದ್ದ ಹುಡುಗಿ ಹೆಸರು ಅಳಸ್ತೀರಿ?"

"ಅದು ಬ್ಯಾರೆ, ಇದು ಬ್ಯಾರೆ."

"ಹೌದ್ರಿ. ಅದು ರಸ್ತಾದಾಗ, ಇದು ಮನಿಯಾಗ."

ರೇವಪ್ಪ ಪೇಪರು ಎತ್ತಿ ಮುಖಕ್ಕೆ ಹಿಡಿದ. "ಅಕ್ಕಗ ನಾ ಹೇಳಂಗಿಲ್ಲ. ನೀ ಬೇಕಾದ್ರ ಹೇಳು."

ಮದುವೆಗೆ ಹತ್ತು ದಿನ ಮೊದಲೇ ಗುರುಲಿಂಗಮ್ಮ ಬಂದಳು. ಮದುವೆ ಎಂದರೆ ಗಂಡಸರಿಗೆ ಒಂದು ದಿನ, ಹೆಂಗಸರಿಗೆ ಒಂದು ತಿಂಗಳು. ಗೋಧಿ ಬೀಸಿಸಬೇಕು, ಖಾರ ಕುಟ್ಟಬೇಕು, ಉಂಡಿ ಕಟ್ಟಬೇಕು, ಹಾಸಿಗೆ ಒಗೆಯಬೇಕು. ಒಂದು ಮಧ್ಯಾಹ್ನ ನಾದಿನಿ, ಅತ್ತಿಗೆ ಇಬ್ಬರೂ ಅಂಗಳದ ಬಿಸಿಲಿನಲ್ಲಿ ಮೊರ ಹಿಡಿದು, ತಾಟಿಗೆ ಹಾಕುವ ಅಕ್ಕಿ ಆರಿಸುತ್ತ ಕುಳಿತಿದ್ದರು.

"ಅಕ್ಕಾರ, ಈ ಮನಿಗೆ ಇಲ್ಲಿ ತನಕ ಎಷ್ಟು ಮಂದಿ ಸೊಸ್ತೇರು ಬಂದಾರ್ರಿ?"

ಇಂಥ ಪ್ರಶ್ನೆ ಎಂದರೆ ಗುರುಲಿಂಗಮ್ಮನಿಗೆ ಹಬ್ಬ. ಹೆಬ್ಬೆರಳನ್ನು ಬೆರಳ ಗೆಣ್ಣುಗಳ ಮೇಲೆ ಓಡಿಸುತ್ತ ಎಣಿಸಿದಳು. "ನಮ್ಮ ಮುತ್ತ್ಯಾನ ಅವ್ವ ಒಂದು. ಮುತ್ತ್ಯಾನ ಹೆಂಡ್ರು ಇಬ್ಬರು. ನಮ್ಮ ದೊಡ್ಡವ್ವ, ನಮ್ಮ ಅವ್ವ, ಕಾಕಿಗೋಳು ಇಬ್ಬರು, ಏಳಾತು. ಅಣ್ಣಗೋಳ ಹೆಂಡ್ರು ಮೂವರು. ಹನ್ನೊಂದನೇಕಿ ನೀನೇ ನೋಡು."

"ಅವರ ತವರಮನಿ ಹೆಸರು ಏನೇನಿದ್ವು?"

ಹೆಬ್ಬೆರಳು ಮತ್ತೆ ಮೊದಲ ಗೆಣ್ಣಿಗೆ ಬಂತು. ಅಲ್ಲೇ ನಿಂತಿತು. ಎರಡನೆಯದಕ್ಕೂ ಹೋಗಲಿಲ್ಲ. "ಯಾರು ಕೇಳ್ಯಾರ? ನಮ್ಮವ್ವಂದೇ ನನಗ ಗೊತ್ತಿಲ್ಲ."

"ನಿಮ್ದು?"

"ನಂದೇನು?"

"ಗುರುಲಿಂಗಮ್ಮ ಅಂತ ನಾರಾಯಣಖೇಡದವರು ಇಟ್ಟಿದ್ದಲ್ಲೇನ್ರಿ. ಅದಕಿಂತ ಮೊದಲ?"

ಗುರುಲಿಂಗಮ್ಮ ಒಂದು ಕಲ್ಲು ಆರಿಸಿದಳು. ಅದನ್ನು ಒಳ್ಳೆಯ ಅಕ್ಕಿಯ ಗುಂಪಿಗೇ ಹಾಕಿದಳು. "ಸುಗಲಾಬಾಯಿ," ಎಂದಳು. ಎಂದವಳೇ ಸುತ್ತ ನೋಡಿ, ಸೆರಗು ಬಾಯಿಗೆ ಹಿಡಿದು ನಕ್ಕಳು. "ಅಯ್ಯಯ್ಯ, ಐವತ್ತು ವರ್ಷ ಆಗಿತ್ತು ನೋಡು ಅದನ್ನ ಅಂದು! ಅಪ್ಪ ಸುಗ್ಗವ್ವ ಅಂತಿದ್ದ. ಹೊಲದ ಆ ದಂಡಿಯಿಂದ ಕರೀತಿದ್ದ, ಈ ದಂಡಿಗೆ ಕೇಳ್ತಿತ್ತು."

ಶಕುಂತಲಾಬಾಯಿ ಆ ಕಲ್ಲನ್ನು ಹುಡುಕಿ ಹೊರಗೆ ಎಸೆದಳು. "ಅಕ್ಕಾರ, ಶಾಮಲಾನ ಹೆಸರು ಬದಲಿ ಮಾಡೋದು ಬ್ಯಾಡ್ರಿ. ನನ್ನ ಅಂಗನವಾಡಿ ಹೋದಂಗ ಆಕಿನ ಕಾಲೇಜ ಹೋಗ್ತದ."

ಗುರುಲಿಂಗಮ್ಮನ ನಗು ನಿಂತಿತು. "ಹಂಗ ಹ್ಯಾಂಗ ಆಗ್ತದ? ತಾಟು ಖಾಲಿ ಇಟ್ರ ಮನಿಗೆ ಛಲೋ ಅಲ್ಲ."

"ಖಾಲಿ ಯಾಕ್ರಿ? ಟೆಂಪರರಿ ಹೆಸರು ಬರಸ್ರಿ." ಎಂದು ಅವಳು ಇನ್ನೂ ಸಿಗದ ಮೂಲವಸ್ತುಗಳ ಕಥೆಯನ್ನೆಲ್ಲ ಹೇಳಿದಳು. "ನಾ ಹನ್ನೊಂದನೇಕಿ. ಶಾಮಲಾ ಹನ್ನೆರಡನೇಕಿ. ಒಂದು, ಎರಡು. ಉನ್‌ಬಿಯಮ್."

"ಉನ್‌ಬಿಯಮ್," ಎಂದು ಗುರುಲಿಂಗಮ್ಮ ಬಾಯಲ್ಲಿ ತಿರುಗಿಸಿ ನೋಡಿದಳು. "ಬಿ.ಪಿ. ಗುಳಗಿ ಹೆಸರಿದ್ದಂಗ ಅದ. ಮತ್ತ ಖಾಯಂ ಹೆಸರು ಯಾರು ಇಡೋದು?"

"ಮೊದಲ ಕಂಡವರು ರೀ."

"ಹಂಗಾದ್ರ ನಾನೇ! ಬಶೀರಾಬಾದಿಗೆ ಹೋಗಿ ಕನ್ಯಾ ಮೊದಲ ನೋಡಿದಾಕಿ ಯಾರು?"

"ನೀವೇ ರೀ. ಆದ್ರ ನಿಮಗಿಂತ ಮೊದಲ ಆಕಿ ಅವ್ವ ನೋಡಿದ್ಳಲ್ರಿ?"

ಗುರುಲಿಂಗಮ್ಮ ಮೊರ ಝಾಡಿಸಿ ಎದ್ದು ಒಳಗೆ ಹೋದಳು. ಉಳಿದ ದಿನಗಳಲ್ಲಿ ಆ ಮಾತೇ ಎತ್ತಲಿಲ್ಲ. ಬಳೆ ಇಡಿಸಿಕೊಳ್ಳುವಾಗಲೂ ಇಲ್ಲ, ಅರಿಷಿಣ ಹಚ್ಚುವಾಗಲೂ ಇಲ್ಲ. ಶಕುಂತಲಾಬಾಯಿಗೆ ಆ ವಾರ ರೊಟ್ಟಿ ಎಣಿಸುವುದೇ ತಪ್ಪಿಹೋಯಿತು.

ಮದುವೆಯ ದಿನ ತಾಟು ಬಂತು. ಅಯ್ಯನವರು, "ಹೆಸರು ಹೇಳ್ರಿ ತಾಯಿ," ಎಂದರು. ಶಾಮಲಾ ತಲೆ ತಗ್ಗಿಸಿ ಅಕ್ಕಿಯನ್ನೇ ನೋಡುತ್ತಿದ್ದಳು. ಶಕುಂತಲಾಬಾಯಿ ಕೈಯಲ್ಲಿದ್ದ ಆರತಿಯ ತಟ್ಟೆಯನ್ನು ಯಾರ ಕೈಗೋ ಕೊಟ್ಟುಬಿಟ್ಟಳು. ಗುರುಲಿಂಗಮ್ಮ ಗಂಟಲು ಸರಿಮಾಡಿಕೊಂಡು, ವಾಲಗದವರಿಗೆ ನಿಲ್ಲಿಸಿ ಎಂದು ಕೈ ಮಾಡಿ, ಇಡೀ ಚಪ್ಪರಕ್ಕೆ ಕೇಳುವಂತೆ ಹೇಳಿದಳು.

"ಉನ್‌ಬಿಯಮ್!"

ಪ್ರವೀಣನ ಬೆರಳು ಅಕ್ಕಿಯ ಮೇಲೆ ನಿಂತಿತು. "ಹ್ಯಾಂಗ ಬರೀಬೇಕು?" ಎಂದು ಅವನು ಮೆಲ್ಲಗೆ ಕೇಳಿದ. ಶಾಮಲಾ ತಲೆ ತಗ್ಗಿಸಿಯೇ ಒಂದೊಂದು ಅಕ್ಷರ ಹೇಳಿಕೊಟ್ಟಳು.

"ಇದು ಯಾವ ದೇವರ ಹೆಸರು ತಾಯಿ?" ಎಂದರು ಅಯ್ಯನವರು.

"ದೇವರದಲ್ರಿ, ಟೆಂಪರರಿ ಹೆಸರು. ಖಾಯಂ ಹೆಸರು ಈಕಿನ್ನ ಮೊದಲ ಕಂಡಾಕಿ ಹೇಳ್ತಾಳ. ಎಲ್ಲದಾಳ ನಮ್ಮ ಬೀಗತಿ?"

ಶಾಮಲಾಳ ತಾಯಿ ಚಪ್ಪರದಲ್ಲಿರಲಿಲ್ಲ. ಹಿತ್ತಲಲ್ಲಿ ಅಡುಗೆಯವರಿಗೆ ಬದನೆಕಾಯಿ ತೆಗೆದುಕೊಡುತ್ತಿದ್ದಳು. ಒದ್ದೆ ಕೈ ಸೆರಗಿಗೆ ಒರೆಸಿಕೊಳ್ಳುತ್ತ ಓಡಿಬಂದಳು. "ಏನಾತ್ರಿ? ನಮ್ಮದೇನು ತಪ್ಪಾತ್ರಿ?"

"ತಪ್ಪೇನಿಲ್ಲವ್ವ. ನಿನ್ನ ಮಗಳ ಹೆಸರೇನು, ಹೇಳು."

ಅವಳು ಎಲ್ಲರ ಮುಖ ನೋಡಿ, "ಶಾಮಲಾ ರೀ," ಎಂದಳು.

ಗುರುಲಿಂಗಮ್ಮ ತಾಟಿನ ಅಕ್ಕಿಯನ್ನು ಅಂಗೈಯಿಂದ ಸವರಿದಳು. "ಹಂ, ಬರಿಯೋ ಪ್ರವೀಣ." ಈ ಸಲ ಅವನು ಯಾರನ್ನೂ ಕೇಳಲಿಲ್ಲ.

ಮರುದಿನ ಬೆಳಿಗ್ಗೆ ಶಾಮಲಾ ಪಾಯಸಕ್ಕೆಂದು ತಾಟು ಎತ್ತಿಕೊಂಡು ಅಡುಗೆಮನೆಗೆ ಹೊರಟಳು. ಶಕುಂತಲಾಬಾಯಿ ಅವಳ ಕೈಯಿಂದ ಅದನ್ನು ತೆಗೆದುಕೊಂಡು ಗಂಡನ ಮುಂದಿಟ್ಟಳು.

"ನೀವು ಮಾಡ್ರಿ."

"ನಾನೇ?"

"ಹೈದರಾಬಾದ್ ರಸ್ತಾದಾಗ ಬರ್ತಿತ್ತಲ್ರಿ. ಪೇಪರಿನಾಗ ಬಂದದ."

ಪ್ರವೀಣ ನಗುತ್ತ ಎದ್ದ. ಅವನ ಕೈಗೆ ಏಲಕ್ಕಿಯನ್ನೂ ಕುಟ್ಟಾಣಿಯನ್ನೂ ಕೊಟ್ಟಳು. ಅಪ್ಪ ಮಗ ಇಬ್ಬರೂ ಒಳಗೆ ಹೋದರು. ಅತ್ತೆ, ಸೊಸೆ, ಗುರುಲಿಂಗಮ್ಮ ಮೂವರೂ ಪಡಸಾಲೆಯಲ್ಲಿ ಕಾಲು ಚಾಚಿ ಕುಳಿತರು. ಒಳಗಿನಿಂದ ಪಾತ್ರೆ ಬೀಳುವ ಸದ್ದು, ಹಾಲು ಉಕ್ಕಿದ ವಾಸನೆ, ಆಮೇಲೆ ರೇವಪ್ಪನ ದನಿ.

"ಏ ಶಕುಂತಲಾ, ಸಕ್ಕರಿ ಎಲ್ಲದ?"

ಶಕುಂತಲಾಬಾಯಿ ಚಾಚಿದ ಕಾಲನ್ನು ಇನ್ನಷ್ಟು ಚಾಚಿದಳು.

"ಶಕುಂತಲಾ!"

"ಅದು ಚೀಲದ ಹೆಸರೋ ತಮ್ಮಾ," ಎಂದು ಗುರುಲಿಂಗಮ್ಮ ಕುಳಿತಲ್ಲಿಂದಲೇ ಕೂಗಿದಳು. "ತಪ್ಪು ನಂದೇ. ಖಾಯಂ ಹೆಸರು ಹಿಡಿದು ಕರಿ."

ಒಳಗೆ ಸೌಟಿನ ಸದ್ದು ನಿಂತಿತು. ಮೂವತ್ತು ವರ್ಷದ ಹಿಂದೆ ಲಗ್ನಪತ್ರಿಕೆಯಲ್ಲಿ ಓದಿದ್ದ ಹೆಸರನ್ನು ಅವನು ನೆನಪಿಸಿಕೊಳ್ಳುತ್ತಿದ್ದನೋ, ನಾಚುತ್ತಿದ್ದನೋ.

"ಪ್ರೇಮಲಾ... ಸಕ್ಕರಿ ಎಲ್ಲದ?"

"ಮ್ಯಾಲಿನ ಹಲಗಿ ಮ್ಯಾಗ, ಎಡಗಡಿ ಡಬ್ಬಿ," ಎಂದಳು ಪ್ರೇಮಲಾ. ಎದ್ದು ತೆಗೆದುಕೊಡಲು ಹೋಗಲಿಲ್ಲ.