ಗುಡಿಯಂಗಳದ ಆಸ್ಪತ್ರೆ

ನಾನು ಮದುವೆಯಾಗಿ ಬಂದ ಕಾಲಕ್ಕೆ ಉತ್ತರಹಳ್ಳಿ ರಸ್ತೆಯಿಂದ ಒಳಗಿದ್ದ ನಮ್ಮೂರು ಇನ್ನೂ ಊರಾಗಿಯೇ ಇತ್ತು. ಸುಬ್ರಹ್ಮಣ್ಯಪುರದ ಕಡೆಗೆ ಹೋಗುವ ದಾರಿಯ ಎರಡೂ ಬದಿಗೆ ರಾಗಿ, ಅವರೆ, ನಡುನಡುವೆ ಹೊಂಗೆ ಮರಗಳು. ನಾನು ಹುಟ್ಟಿ ಬೆಳೆದದ್ದು ಹನುಮಂತನಗರದಲ್ಲಿ. ಬೀದಿಗೊಂದು ನಲ್ಲಿ, ತಿರುವಿಗೊಂದು ಕ್ಲಿನಿಕ್ಕು ನೋಡಿಕೊಂಡು ಬೆಳೆದವಳಿಗೆ ಹಾಲು ಕರೆಯುವುದನ್ನೂ ಮುದ್ದೆ ಕಟ್ಟುವುದನ್ನೂ ಕಲಿಸಿದವಳು ನನ್ನ ವಾರಗಿತ್ತಿ, ಅಂದರೆ ನನ್ನ ಗಂಡನ ಅಣ್ಣನ ಹೆಂಡತಿ. ಅವಳನ್ನು ನಾನು ಅಕ್ಕ ಎಂದೇ ಕರೆಯುತ್ತಿದ್ದೆ. ಒಡಹುಟ್ಟಿದವಳಿದ್ದರೂ ಅಷ್ಟು ಹಚ್ಚಿಕೊಳ್ಳುತ್ತಿದ್ದೆನೋ ಇಲ್ಲವೋ.

ಅಕ್ಕ ದೊಡ್ಡ ದನಿಯವಳು. ಹೊಲದ ಆ ತುದಿಯಿಂದ ಕೂಗಿದರೆ ಮನೆಯೊಳಗಿದ್ದ ನಾನು ಓ ಎನ್ನಬೇಕು. ದೇವರೆಂದರೆ ಅವಳಿಗೆ ತುಂಬ ಭಕ್ತಿ. ಸೋಮವಾರ, ಶನಿವಾರ ಗುಡಿಗೆ ಹೋಗಿ ಬರದೆ ಬಾಯಿಗೆ ಏನೂ ಹಾಕುತ್ತಿರಲಿಲ್ಲ.

ಎಂಬತ್ತರ ದಶಕದ ಆರಂಭದಲ್ಲಿ ಆ ಗುಡಿಯಲ್ಲೇ ಧರ್ಮಾಸ್ಪತ್ರೆ ಶುರುವಾಯಿತು. ಜಯನಗರದ ಕೆಲವು ಭಕ್ತರು ಔಷಧಿ ಕೊಡಿಸುವುದಾಗಿ ಒಪ್ಪಿದ್ದರು. ಭಾನುವಾರ ಬೆಳಗ್ಗೆ ಅಲ್ಲಿಂದಲೇ ಒಬ್ಬ ಲೇಡಿ ಡಾಕ್ಟರು ಬರುತ್ತಿದ್ದರು. ಪ್ರಾಕಾರದೊಳಗಿನ ಪಡಸಾಲೆಯಲ್ಲಿ ಒಂದು ಮೇಜು, ಮರೆಗೊಂದು ಪರದೆ, ಜೊತೆಗೊಬ್ಬ ಕಾಂಪೌಂಡರು. ಗೇಟಿನ ಹತ್ತಿರ ಚಪ್ಪಲಿ ಬಿಟ್ಟು, ಕಾಲು ತೊಳೆದು, ದೇವರಿಗೆ ಕೈಮುಗಿದು, ತೀರ್ಥ ತಗೊಂಡು ಆಮೇಲೆ ಸಾಲಿನಲ್ಲಿ ಕೂರಬೇಕು. ಎಲ್ಲರಿಗೂ ಅದು ಚೆನ್ನಾಗಿಯೇ ಕಂಡಿತು. ಹೆಂಗಸರನ್ನು ನೋಡಲು ಹೆಂಗಸೇ ಬರುತ್ತಾರೆ ಎನ್ನುವುದು ನಮಗೆಲ್ಲ ದೊಡ್ಡ ಸಮಾಧಾನ. ನಮ್ಮ ಮನೆಯ ಜಗುಲಿಯಲ್ಲಿ ನಿಂತರೆ ಗುಡಿಯ ಗೇಟು ಕಾಣುತ್ತಿತ್ತು.

ಅಕ್ಕನ ಕಾಯಿಲೆ ಶುರುವಾದದ್ದೂ ಸುಮಾರಿಗೆ ಅದೇ ಹೊತ್ತಿಗೆ. ನಮ್ಮ ಮನೆಯಲ್ಲಿ ಮುಟ್ಟಾದವರು ಕೊಟ್ಟಿಗೆ ಪಕ್ಕದ ಚಿಕ್ಕ ಕೋಣೆಯಲ್ಲಿ ಇರಬೇಕಿತ್ತು. ಬೇರೆ ಚಾಪೆ, ಬೇರೆ ತಟ್ಟೆ. ಅನ್ನ ಬಡಿಸುವಾಗಲೂ ಮೇಲಿಂದ ಹಾಕುತ್ತಿದ್ದರು. ಮೊದಲು ಅಕ್ಕ ಕೆಲವೇ ದಿನಕ್ಕೆ ತಲೆಗೆ ನೀರು ಹಾಕಿಕೊಂಡು ಒಳಗೆ ಬರುತ್ತಿದ್ದಳು. ಆಮೇಲಾಮೇಲೆ ವಾರ ಕಳೆದರೂ ರಕ್ತ ಹೋಗುವುದು ನಿಲ್ಲುತ್ತಿರಲಿಲ್ಲ. ನಿಂತಿತು ಎಂದುಕೊಂಡು ಒಳಗೆ ಬಂದರೆ ಎರಡು ದಿನಕ್ಕೆ ಮತ್ತೆ ಹೊರಗೆ. ಶಾಲೆಗೆ ಹೋಗುವ ಅವಳ ಮಗಳು ಆ ಕೋಣೆಯ ಹೊಸ್ತಿಲಾಚೆ ಕೂತು ಅಮ್ಮನ ದಾರಿ ಕಾಯುತ್ತಿದ್ದಳು. ಅಕ್ಕನ ತುಟಿ ಬಿಳಿಚಿಕೊಂಡಿತು. ಕೊಡ ಎತ್ತಿದರೆ ಏದುಸಿರು. ಕೂಗುವ ದನಿ ಎಲ್ಲಿ ಹೋಯಿತೋ ಗೊತ್ತಾಗಲಿಲ್ಲ.

“ಭಾನುವಾರ ಡಾಕ್ಟರಮ್ಮನಿಗೆ ತೋರಿಸೋಣ ಅಕ್ಕ” ಎಂದು ನಾನು ಹೇಳುತ್ತಲೇ ಇದ್ದೆ.

“ಹೆಂಗೆ ಹೋಗ್ಲೇ? ಇಂಥಾ ಮೈ ಇಟ್ಕೊಂಡು ಗುಡಿ ಒಳಗೆ ಕಾಲಿಡ್ಲಾ?” ಎನ್ನುತ್ತಿದ್ದಳು ಅಕ್ಕ.

ಅತ್ತೆಯ ಮಾತೂ ಅದೇ. “ನಿಂತ ಮೇಲೆ ಹೋದ್ರಾಯ್ತು. ಏನು ಹೆಂಗಸರಿಗೆ ಬರದೇ ಇರೋದಾ?”

ನಿಂತಾಗ ಭಾನುವಾರ ಇರುತ್ತಿರಲಿಲ್ಲ. ಭಾನುವಾರ ಬಂದಾಗ ನಿಂತಿರುತ್ತಿರಲಿಲ್ಲ. ಜಯನಗರದ ದೊಡ್ಡಾಸ್ಪತ್ರೆಗೆ ಹೋಗೋಣವೆಂದರೆ ಅಲ್ಲಿ ಗಂಡಸು ಡಾಕ್ಟರು ನೋಡಿಬಿಟ್ಟರೆ ಎಂಬ ಹೆದರಿಕೆ. ಹೀಗೇ ಒಂದು ವರ್ಷದ ಮೇಲಾಯಿತು.

ಕೊನೆಗೆ ಒಂದು ಭಾನುವಾರ ನಾನೇ ತಲೆನೋವಿನ ನೆಪ ಮಾಡಿಕೊಂಡು ಹೋಗಿ, ಪರದೆಯ ಹಿಂದೆ ಡಾಕ್ಟರಿಗೆ ಎಲ್ಲ ಹೇಳಿದೆ. ಅವರು ನಡುವಯಸ್ಸಿನ ಹೆಂಗಸು. ಮೆಲುಮಾತು, ಹಣೆಯಲ್ಲಿ ದೊಡ್ಡ ಕುಂಕುಮ.

“ಇಷ್ಟು ದಿನದಿಂದ ಹೋಗ್ತಾ ಇದೆ ಅಂತೀರಿ, ಯಾಕೆ ಕರ್ಕೊಂಡು ಬರ್ಲಿಲ್ಲ?”

“ಹೊರಗಾಗಿದ್ದಾರಲ್ಲ ಮೇಡಂ. ಗುಡಿ ಒಳಗೆ ಹೇಗೆ ಬರ್ತಾರೆ?”

ಡಾಕ್ಟರು ಬರೆಯುತ್ತಿದ್ದ ಪೆನ್ನು ನಿಲ್ಲಿಸಿದರು. ಪರದೆಯನ್ನು ಇನ್ನಷ್ಟು ಎಳೆದುಕೊಂಡರು. ಆಮೇಲೆ ತಗ್ಗಿದ ದನಿಯಲ್ಲಿ, “ಕೆಲವು ಭಾನುವಾರ ನಾನು ಬರೋದಿಲ್ಲ, ನೋಡಿದ್ದೀರಾ? ಊರಿಗೆ ಹೋಗಿದ್ದಾರೆ ಅಂತ ಹೇಳ್ತಾರೆ. ಯಾವ ಊರಿಗೂ ಹೋಗಿರಲ್ಲ ನಾನು” ಎಂದರು.

ಅವರು ಹೇಳಿದ್ದು ನನಗೆ ಅರ್ಥವಾಯಿತು. ಕಾಯಿಲೆ ನೋಡಲು ಬಂದವರಿಗೂ ಅದೇ ನಿಯಮ.

“ಮುಂದಿನ ವಾರ ಗೇಟಿನ ತನಕ ಕರ್ಕೊಂಡು ಬನ್ನಿ. ನಾನೇ ಆಚೆ ಬರ್ತೀನಿ” ಎಂದರು.

ಅತ್ತೆ ಹೊಲಕ್ಕೆ ಹೋದ ಹೊತ್ತು ನೋಡಿ ಅಕ್ಕನನ್ನು ಕರೆದುಕೊಂಡು ಹೋದೆ. ಅಷ್ಟೇ ದೂರ ನಡೆಯುವುದರೊಳಗೆ ಅವಳು ಎರಡು ಸಲ ಕೂತಳು. ಗೇಟಿನ ಆಚೆ, ಹೊಂಗೆ ಮರದ ಕೆಳಗೆ ಆಗಲೇ ಒಬ್ಬ ಹೆಂಗಸು ನಿಂತಿದ್ದಳು. ಕೆರೆ ಏರಿಯ ಪಕ್ಕದ ಕಾಲೊನಿಯವಳು. ಆ ಕಾಲೊನಿಯ ನಾಲ್ಕಾರು ಮನೆಯವರು ಕೆಲವು ವರ್ಷಗಳ ಹಿಂದೆ ಬೌದ್ಧ ಧರ್ಮಕ್ಕೆ ಸೇರಿದ್ದರು, ಅವಳ ಮನೆಯೂ ಅದರಲ್ಲೊಂದು. ಅವಳ ಅತ್ತೆಗೆ ಕೆಮ್ಮು. ಒಳಗೆ ಹೋಗುವವರ ಕೈಯಲ್ಲಿ ಹೇಳಿ ಕಳಿಸಿದರೆ ಕಾಂಪೌಂಡರು ಗೇಟಿಗೆ ಬಂದು ಔಷಧಿ ಕೊಟ್ಟು ಹೋಗುತ್ತಿದ್ದನಂತೆ. ಡಾಕ್ಟರು ಆ ಮುದುಕಿಯನ್ನು ಒಂದು ಸಲವೂ ನೋಡಿರಲಿಲ್ಲ.

“ನೀವು ಯಾಕಕ್ಕ ಇಲ್ಲಿ ನಿಂತ್ರಿ?” ಎಂದು ಅವಳು ಕೇಳಿದಳು. ಅವರ ಕಡೆಯ ಹಿರಿಯರು ನಮ್ಮನ್ನು ಅಮ್ಮಾವ್ರೇ ಎನ್ನುತ್ತಿದ್ದರು. ಇವಳು ಅಕ್ಕ ಎಂದಳು.

“ನಾನು ಒಳಗೆ ಹೋಗೋ ಹಂಗಿಲ್ಲ ಈಗ” ಎಂದಳು ಅಕ್ಕ. “ನೀನು?”

“ನಾವು ಯಾವಾಗ್ಲೂ ಇಲ್ಲೇ. ಬರಬೇಡಿ ಅಂತ ಯಾರೂ ಬಾಯಿಬಿಟ್ಟು ಹೇಳಿಲ್ಲ. ಬನ್ನಿ ಅಂತಾನೂ ಹೇಳಿಲ್ಲ.” ಆಮೇಲೆ ನಗುತ್ತಾ, “ನಿಮ್ಮ ದೇವ್ರ ಹತ್ರ ನಮಗೇನೂ ಕೆಲಸ ಇಲ್ಲಕ್ಕ. ಡಾಕ್ಟರ ಹತ್ರ ಇದೆ” ಎಂದಳು.

ಅಕ್ಕ ಏನೋ ಹೇಳಲು ಹೋದವಳು ಹಾಗೇ ಕುಸಿದಳು. ನಾನು ಹಿಡಿಯುವುದಕ್ಕೆ ಮೊದಲೇ ಆ ಹೆಂಗಸು ಹಿಡಿದು, ಮರದ ಬುಡದಲ್ಲಿ ಕೂರಿಸಿ, ಹೆಗಲಿಗೆ ಒರಗಿಸಿಕೊಂಡು ಸೆರಗಿನಿಂದ ಗಾಳಿ ಹಾಕಿದಳು. ನಾನು ಒಳಗೋಡಿ ಡಾಕ್ಟರನ್ನು ಕರೆತಂದೆ. ಅವರು ಅಕ್ಕನ ಕಣ್ಣಿನ ರೆಪ್ಪೆ ಕೆಳಗೆ ಎಳೆದು ನೋಡಿದರು, ಉಗುರು ನೋಡಿದರು.

“ಮೈಯಲ್ಲಿ ರಕ್ತಾನೇ ಇಲ್ಲ. ಮಲಗಿಸಿ ನೋಡ್ಬೇಕು. ಎಲ್ಲಿ ಮಲಗಿಸೋಣ?”

ಪಡಸಾಲೆಗೆ ಒಯ್ಯುವಂತಿಲ್ಲ. ನಮ್ಮ ಮನೆಗೆ ವಾಪಸ್ಸು ನಡೆಸುವ ಹಾಗಿರಲಿಲ್ಲ. ಆ ಹೆಂಗಸೇ, “ನಮ್ಮನೆ ಇಲ್ಲೇ, ನಿಮ್ಮನೆಗಿಂತ ಹತ್ರ. ಏರಿ ಇಳಿದ್ರೆ ಆಯ್ತು” ಎಂದಳು.

ನಾನು ಅಕ್ಕನ ಮುಖ ನೋಡಿದೆ. “ಅತ್ತೆ ಏನಂತಾರೋ ಅಕ್ಕ” ಎಂದೆ.

“ಅತ್ತೆ ಮನೇಲೂ ನಾನು ಹೊರಗೇ ತಾನೆ ಮಲಗೋದು. ನಡಿ” ಎಂದಳು.

ನಾನೂ ಆ ಹೆಂಗಸೂ ಎರಡು ಕಡೆ ಹಿಡಿದು ನಡೆಸಿಕೊಂಡು ಹೋದೆವು, ಡಾಕ್ಟರು ಹಿಂದೆಯೇ ಬಂದರು. ಸಾರಿಸಿದ ನೆಲ, ಗೋಡೆಯ ಮೇಲೆ ಬುದ್ಧನ ಪಟ, ಒಂದು ಹಗ್ಗದ ಮಂಚ. ಡಾಕ್ಟರು ಬಾಗಿಲು ಹಾಕಿಕೊಂಡು ಪರೀಕ್ಷೆ ಮಾಡಿದರು. ಅದೇ ಹೊತ್ತಿನಲ್ಲಿ ಮೂಲೆಯಲ್ಲಿ ಕೂತಿದ್ದ ಮುದುಕಿಯ ಎದೆಯನ್ನೂ ಕೊಳವೆ ಇಟ್ಟು ಕೇಳಿದರು. ಅಕ್ಕ ಆ ಮನೆಯ ಲೋಟದಲ್ಲಿ ನೀರು ಕುಡಿದಳು. ನಾನೂ ಕುಡಿದೆ.

ಹೊರಗೆ ಬಂದ ಡಾಕ್ಟರು ನನ್ನೊಬ್ಬಳಿಗೇ ಹೇಳಿದರು. “ಗರ್ಭಕೋಶದಲ್ಲಿ ಗಡ್ಡೆ ಇದೆ. ನೋಡಿದ್ರೆ ನನಗೆ ಯಾಕೋ ಸರಿ ಕಾಣ್ತಿಲ್ಲ. ತಡ ಮಾಡಬೇಡಿ, ದೊಡ್ಡಾಸ್ಪತ್ರೆಗೆ ಸೇರಿಸಿ.”

ಮನೆಯಲ್ಲಿ ಸಂಜೆಗೆ ರಂಪವಾಯಿತು. ಗಡ್ಡೆಯ ಮಾತು ಯಾರ ಕಿವಿಗೂ ಬೀಳಲಿಲ್ಲ. ಯಾರ ಮನೆಯ ಮಂಚದ ಮೇಲೆ ಮಲಗಿದಳು ಎನ್ನುವುದೇ ಮಾತಾಯಿತು. ಅತ್ತೆ ತಲೆ ಚಚ್ಚಿಕೊಂಡು ಅತ್ತರು. ಭಾವ, ಅಂದರೆ ಅಕ್ಕನ ಗಂಡ, ಕೆಟ್ಟವರಲ್ಲ. ಆದರೆ ತಾಯಿಯ ಎದುರು ಮಾತಾಡಿ ಅವರಿಗೆ ಅಭ್ಯಾಸವಿರಲಿಲ್ಲ. “ರಾಗಿ ಕೊಯ್ಲು ಮುಗೀಲಿ, ನೋಡೋಣ” ಎಂದರು.

ಕೊಯ್ಲು ಮುಗಿಯುವವರೆಗೆ ಡಾಕ್ಟರು ಕಾಯಲಿಲ್ಲ. ವಾರದ ನಡುವೆಯೇ ಬಸ್ಸಿಳಿದು ನಮ್ಮ ಮನೆಗೆ ಬಂದು ಜಗುಲಿಯ ಮೇಲೆ ಕೂತರು. “ನಾನೂ ದೇವರನ್ನ ನಂಬಿದವಳೇ ಅಮ್ಮ” ಎಂದು ಅತ್ತೆಗೆ ಹೇಳಿದರು. “ಆದ್ರೆ ಈಕೆ ಸತ್ರೆ ನಾನು ಯಾವ ಮುಖ ಇಟ್ಕೊಂಡು ಆ ಗುಡಿಯಲ್ಲಿ ಕೂರ್ಲಿ?” ಭಾವ ಎದ್ದು ಅಂಗಿ ಹಾಕಿಕೊಂಡರು.

ಜಯನಗರದಲ್ಲಿ ಅಕ್ಕನಿಗೆ ರಕ್ತ ಕೊಟ್ಟು ಆಪರೇಷನ್ ಮಾಡಿದರು. ಗಡ್ಡೆ ಕೆಟ್ಟ ಜಾತಿಯದು, ಆಗಲೇ ಹಬ್ಬಿತ್ತು. “ಇನ್ನೂ ಮುಂಚೆ ತೋರಿಸಬೇಕಿತ್ತು” ಎಂದರು ಅಲ್ಲಿಯವರು. ಮುಂಚೆ ಅಂದರೆ ಎಷ್ಟು ಮುಂಚೆ ಎಂದು ಭಾವ ಕೇಳಿದರು. ಒಂದು ವರ್ಷ ಮುಂಚೆ ಎಂದರು. ಆ ವರ್ಷವೆಲ್ಲ ಡಾಕ್ಟರು ನಮ್ಮ ಜಗುಲಿಗೆ ಕಾಣುವಷ್ಟು ಹತ್ತಿರದಲ್ಲಿ ಕೂತಿದ್ದರು.

ಅಷ್ಟರಲ್ಲಿ ಡಾಕ್ಟರು ಗುಡಿಯ ಸಮಿತಿಯವರ ಹತ್ತಿರ, ಮೇಜನ್ನು ಗೇಟಿನ ಆಚೆ ಹಾಕಿಕೊಡಿ, ಎಲ್ಲರೂ ಬರುವಂತಾಗಲಿ ಎಂದು ಕೇಳಿದರು. ಹಿರಿಯರೊಬ್ಬರು ಕೈಮುಗಿದೇ ಹೇಳಿದರು. “ನೀವು ಮಾಡ್ತಿರೋದು ಪುಣ್ಯದ ಕೆಲಸ ತಾಯಿ. ಆದ್ರೆ ದೇವರ ಹೆಸರಲ್ಲಿ ಬಂದಿದ್ದು ದೇವರ ಅಂಗಳದಲ್ಲೇ ನಡೀಬೇಕು. ಆಚೆ ಹಾಕಿದ್ರೆ ಔಷಧಿ ಕೊಡೋರು ಒಪ್ಪಲ್ಲ.”

“ಹಾಗಾದ್ರೆ ಔಷಧಿ ಇಲ್ಲಿರ್ಲಿ. ನಾನು ಸ್ಕೂಲಿಗೆ ಹೋಗ್ತೀನಿ” ಎಂದರು ಡಾಕ್ಟರು.

ಊರ ಶಾಲೆಯ ವರಾಂಡದಲ್ಲಿ ಮಕ್ಕಳ ಬೆಂಚಿನ ಮೇಲೆ ಕೂತು ನೋಡತೊಡಗಿದರು. ಔಷಧಿ ಕೊಡಿಸುತ್ತಿದ್ದವರಲ್ಲಿ ಕೆಲವರು ಕೈಬಿಟ್ಟು ಔಷಧಿ ಅರ್ಧಕ್ಕರ್ಧ ಕಡಿಮೆಯಾಯಿತು. ಊರಿನ ಕೆಲವರು ಬರುವುದನ್ನೇ ಬಿಟ್ಟರು. ಕಾಲೊನಿಯವರು ಬಂದರು. ಕೆಮ್ಮಿನ ಮುದುಕಿಗೆ ಕ್ಷಯ ಎಂದು ಗೊತ್ತಾಗಿ ಸರಿಯಾದ ಮಾತ್ರೆ ಶುರುವಾಯಿತು. ಆಕೆ ಆಮೇಲೆ ಎಷ್ಟೋ ವರ್ಷ ಬದುಕಿದರು.

ಅಕ್ಕನಿಗೆ ಅಷ್ಟು ದಿನ ಸಿಗಲಿಲ್ಲ. ಬಿಸಿಲು ಬೇಕೆಂದು ಅವಳ ಮಂಚವನ್ನು ಜಗುಲಿಗೆ ತಂದು ಹಾಕಿದ್ದೆವು. ಕಾಲೊನಿಯ ಆ ಹೆಂಗಸು ಕೂಲಿಯಿಂದ ಮರಳುವಾಗ ಬಂದು ಮಂಚದ ಪಕ್ಕ ಕೂರುತ್ತಿದ್ದಳು. ಅತ್ತೆ ನೋಡಿಯೂ ನೋಡದ ಹಾಗೆ ಒಳಗೆ ಹೋಗುತ್ತಿದ್ದರು.

“ನಿಮ್ಮ ಬುದ್ಧನ ಮುಂದೆ ಹೋಗೋಕೆ ಸ್ನಾನ ಮಾಡ್ಬೇಕಾ?” ಎಂದು ಅಕ್ಕ ಒಮ್ಮೆ ಕೇಳಿದಳು.

“ಮನಸ್ಸು ಚೊಕ್ಕ ಇದ್ರೆ ಸಾಕು ಅಂತಾರಕ್ಕ. ಆದ್ರೂ ನಾವು ಸ್ನಾನ ಮಾಡ್ತೀವಿ.” ಇಬ್ಬರೂ ನಕ್ಕರು. ನಗುವುದಕ್ಕೂ ಅಕ್ಕನಿಗೆ ಹೊಟ್ಟೆ ಹಿಡಿದುಕೊಳ್ಳಬೇಕಿತ್ತು.

ಕೊನೆಯವರೆಗೂ ಅವಳು ನನ್ನ ಕೈಯಲ್ಲಿ ಗುಡಿಯಿಂದ ತೀರ್ಥ ತರಿಸಿಕೊಂಡಳು. ನನಗೆ ತರುವುದಕ್ಕೆ ಸಿಟ್ಟು ಬರುತ್ತಿತ್ತು. ಅವಳಿಗೆ ಅದು ಗೊತ್ತಾಯಿತು. “ದೇವ್ರ ಮೇಲೆ ನನಗೇನೂ ಕೋಪ ಇಲ್ಲ ಕಣೇ. ಆ ಗೇಟು ಅವನು ಇಟ್ಟಿದ್ದು ಅಂತ ನನಗೆ ಅನ್ನಿಸಲ್ಲ” ಎಂದಳು. ಯುಗಾದಿಗೆ ಮೊದಲು ತೀರಿಕೊಂಡಳು.

ಅವಳ ಮಗಳು ಮರುವರ್ಷ ದೊಡ್ಡವಳಾದಳು. ಅತ್ತೆ ಅಭ್ಯಾಸಬಲದಿಂದ ಕೊಟ್ಟಿಗೆ ಪಕ್ಕದ ಕೋಣೆ ಗುಡಿಸಲು ಪೊರಕೆ ಎತ್ತಿಕೊಂಡರು. ನಾನು ಬಾಗಿಲಿಗೆ ಅಡ್ಡ ನಿಂತು, “ಬೇಡ ಅತ್ತೆ, ಮಗು ನನ್ನ ಹತ್ರ ಮಲಗ್ಲಿ” ಎಂದೆ. ಅವರು ಪೊರಕೆ ಹಿಡಿದುಕೊಂಡೇ ನಿಂತರು. ಬೈಯುತ್ತಾರೆ ಎಂದುಕೊಂಡಿದ್ದೆ.

“ದೇವರ ಕೋಣೆ ಕಡೆ ಬರದೇ ಇದ್ರೆ ಸಾಕು” ಎಂದರು.

ಅಷ್ಟನ್ನು ಬಿಟ್ಟುಕೊಡಲು ಅವರಿಂದಾಗಲಿಲ್ಲ. ಆದರೆ ಆಮೇಲೆ ಕೊಬ್ಬರಿ, ಬೆಲ್ಲ ತಂದರು. ತಟ್ಟೆಗೆ ಮೇಲಿಂದ ಹಾಕಲಿಲ್ಲ. ಮೊಮ್ಮಗಳ ಪಕ್ಕ ಕೂತು, ಗಲ್ಲ ಹಿಡಿದು, ಬಾಯಿಗಿಟ್ಟರು.